ಉತ್ತರಕ್ಕಿದ್ದ ಗೋಲು

ಮೂಡಲಗಿ

ನಮ್ಮ ಕಾಲೇಜಿನ ಗೇಟಿನ ಮೇಲೆ ಈಗ ಒಂದು ಬ್ಯಾನರ್ ಇದೆ. 'ಶ್ರೀಲಂಕಾದಲ್ಲಿ ನಡೆದ ಅಂತಾರಾಷ್ಟ್ರೀಯ ಫುಟ್‌ಬಾಲ್ ಪಂದ್ಯಾವಳಿಯಲ್ಲಿ ತೃತೀಯ ಸ್ಥಾನ' ಎಂದು ಅದರಲ್ಲಿ ಬರೆದಿದೆ. ಪಂದ್ಯಾವಳಿಯಲ್ಲಿ ಎಷ್ಟು ತಂಡಗಳಿದ್ದವು ಎಂದು ಮೂಡಲಗಿಯಲ್ಲಿ ಇದುವರೆಗೆ ಯಾರೂ ಕೇಳಿಲ್ಲ. ಕೇಳಿದರೆ ಹೇಳಬೇಕಾಗುತ್ತದೆ: ಮೂರು.

ನಾನು ಆ ತಂಡದ ಜೊತೆ ಹೋಗಿದ್ದ ದೈಹಿಕ ಶಿಕ್ಷಕಿ, ಸುಜಾತಾ ಕಾಂಬಳೆ. ನಮ್ಮದು ಸೈನಿಕ ಕಾಲೇಜು. ಬೋರ್ಡಿನಲ್ಲಿ ಹಾಗೆಂದು ಇದೆ. ಸೈನ್ಯಕ್ಕೂ ನಮಗೂ ಇರುವ ಸಂಬಂಧ ಇಷ್ಟೇ: ಮಕ್ಕಳು ಖಾಕಿ ಹಾಕುತ್ತಾರೆ, ಬೆಳಿಗ್ಗೆ ಎದ್ದು ಓಡುತ್ತಾರೆ, ಗುರುಗಳನ್ನು ಕಂಡರೆ ಸೆಲ್ಯೂಟ್ ಹೊಡೆಯುತ್ತಾರೆ, ಪಿಯುಸಿ ಮುಗಿದ ಮೇಲೆ ಭರ್ತಿಗೆ ಹೋಗುತ್ತಾರೆ. ಕೆಲವರು ಆಯ್ಕೆಯಾಗುತ್ತಾರೆ, ಉಳಿದವರು ಪೊಲೀಸ್ ಪರೀಕ್ಷೆ ಕಟ್ಟುತ್ತಾರೆ. ಬಂದೂಕು ಎರಡಿವೆ. ಎರಡೂ ಕಟ್ಟಿಗೆಯವು. ಹುಡುಗರು ಓಟ ಬಿಟ್ಟು ಬೇರೆ ಆಟಕ್ಕೆ ಬರುವುದಿಲ್ಲ, ಏಕೆಂದರೆ ಭರ್ತಿಯಲ್ಲಿ ಓಟಕ್ಕೆ ಅಂಕ ಇದೆ, ಗೋಲಿಗೆ ಇಲ್ಲ. ಹೀಗಾಗಿ ಫುಟ್‌ಬಾಲ್ ಹುಡುಗಿಯರ ಪಾಲಿಗೆ ಬಂತು.

ಆ ವರ್ಷದ ನಮ್ಮ ಸೀಸನ್ ಬಗ್ಗೆ ಹೇಳುವುದು ಹೆಚ್ಚಿಲ್ಲ. ಗೋಕಾಕದಲ್ಲಿ ಸೋತೆವು. ಹುಕ್ಕೇರಿಯವರ ಮೇಲೆ ಗೆದ್ದೆವು. ಅವರ ಗಾಡಿ ದಾರಿಯಲ್ಲಿ ಕೆಟ್ಟು ತಂಡ ಬಂದಿರಲಿಲ್ಲ. ಕಬ್ಬಿನ ಹಂಗಾಮು ಶುರುವಾದ ಮೇಲೆ ಮೈದಾನದ ತುಂಬ ಟ್ರ್ಯಾಕ್ಟರ್ ನಿಂತು ಆಟವೇ ನಿಂತಿತು. ಅಷ್ಟರಲ್ಲಿ ಜಾಫ್ನಾ ಕಡೆಯ ಒಂದು ಸೈನಿಕ ಕಾಲೇಜಿನಿಂದ ಆಮಂತ್ರಣ ಬಂತು. ಯುದ್ಧ ಮುಗಿದ ಮೇಲೆ ಅವರು ಪ್ರತಿ ವರ್ಷ ಹುಡುಗಿಯರ ಸ್ನೇಹ ಪಂದ್ಯಾವಳಿ ನಡೆಸುತ್ತಾರಂತೆ, ಭಾರತದಿಂದ ಒಂದು ತಂಡವನ್ನು ಕರೆಯುತ್ತಾರಂತೆ. ದೊಡ್ಡ ದೊಡ್ಡ ಕಾಲೇಜಿನವರೆಲ್ಲ ಬರಲು ಆಗುವುದಿಲ್ಲ ಎಂದ ಮೇಲೆ ಸರದಿ ನಮಗೆ ಬಂದಿತ್ತು. ನಮ್ಮ ಸಂಸ್ಥೆಯ ಅಧ್ಯಕ್ಷರು ಈ ಕೊನೆಯ ಸಂಗತಿಯನ್ನು ಯಾರಿಗೂ ಹೇಳಬೇಡಿ ಎಂದರು.

'ಟೀಚರ್, ಕಪ್ ತರ್ರಿ' ಎಂದರು. 'ತರಾಕ ಆಗ್ಲಿಲ್ಲ ಅಂದ್ರ, ಕಪ್ ಹಿಡಕೊಂಡ ಫೋಟೊನರ ತರ್ರಿ.'

ಬಸ್‌ಸ್ಟ್ಯಾಂಡಿಗೆ ಎಲ್ಲರ ಮನೆಯವರೂ ಬಂದಿದ್ದರು. ನಮ್ಮ ಕ್ಯಾಪ್ಟನ್ ಮಹಾದೇವಿ ಕುಲಗೋಡದವಳು. ಅವಳ ಅಪ್ಪ ನನ್ನನ್ನು ಬಾಜೂಕ್ಕೆ ಕರೆದು, ದನಿ ತಗ್ಗಿಸಿ ಕೇಳಿದರು.

'ಅಲ್ಲಿ ಯುದ್ಧ ಮುಗದೈತಿ ಹೌದಲ್ರಿ ಟೀಚರ್? ಖರೇನ?'

'ಮುಗದು ಭಾಳ ವರ್ಷ ಆದವ್ರಿ ಕಾಕಾ.'

'ಮತ್ತ ಸಿಪಾಯಿಗೋಳು ಇನ್ನೂ ಯಾಕ ಅದಾರ್ರಿ?'

ಅಷ್ಟರಲ್ಲಿ ಬಸ್ಸು ಬಂತು, ಹತ್ತಿದೆವು.

ಕೊಲಂಬೊ

ಕೊಲಂಬೊದಲ್ಲಿ ನಮಗೆ ಮೊದಲು ಕೈಕೊಟ್ಟದ್ದು ರಸ್ತೆ. ಗೋಕಾಕದಲ್ಲಿ ರಸ್ತೆ ದಾಟುವ ರೀತಿ ನಮ್ಮ ಹುಡುಗಿಯರಿಗೆ ಗೊತ್ತು: ಒಂದು ಕೈ ಎತ್ತಬೇಕು, ಗಾಡಿಯವನ ಮುಖ ನೋಡಬಾರದು, ಓಡಬೇಕು. ಇಲ್ಲಿ ನಾವು ಬಿಳಿ ಪಟ್ಟೆಯ ಹತ್ತಿರ ಹೋಗಿ ನಿಂತ ಕೂಡಲೇ ಗಾಡಿಗಳೆಲ್ಲ ನಿಂತವು. ಗಾಡಿ ನಿಂತದ್ದನ್ನು ಕಂಡು ನಮ್ಮವರೂ ನಿಂತರು. ಏನೋ ಮೋಸ ಇದೆ ಎಂದು ಅವರ ಅನುಮಾನ. ಬಸ್ಸಿನ ಡ್ರೈವರ್ ಹೋಗಿ ಎಂದು ಕೈ ಮಾಡಿದ, ಇವರು ನೀವೇ ಹೋಗಿ ಎಂದು ಕೈ ಮಾಡಿದರು. ಕೊನೆಗೆ ಒಬ್ಬ ಪೊಲೀಸ್ ಬಂದು ನಮ್ಮನ್ನು ದಾಟಿಸಿದ.

ಎರಡನೆಯ ಫಜೀತಿಗೆ ಕಾರಣ ನಾನೇ. ನನ್ನ ತವರು ಹುಕ್ಕೇರಿ ತಾಲ್ಲೂಕಿನ ದಡ್ಡಿ. ಅಜ್ಜನ ಕಾಲಕ್ಕೆ ಬೌದ್ಧರಾದ ಮನೆತನ. ಬೌದ್ಧರ ದೇಶಕ್ಕೆ ಹೊರಟಿದ್ದೇನೆಂಬ ಜಂಬ ನನಗೆ ತುಸು ಇತ್ತು. ವಿಹಾರಕ್ಕೆ ಹೋಗುವ ಮುಂಚೆ ಹುಡುಗಿಯರಿಗೆ ದೊಡ್ಡ ಭಾಷಣ ಮಾಡಿದೆ. ಚಪ್ಪಲಿ ಎಲ್ಲಿ ಬಿಡಬೇಕು, ಹೇಗೆ ಕೂರಬೇಕು, ಎಷ್ಟು ಮೆಲ್ಲಗೆ ಮಾತಾಡಬೇಕು, ಎಲ್ಲ ಹೇಳಿದೆ. ಆಮೇಲೆ ಅಷ್ಟೂ ಜನರನ್ನು ದೊಡ್ಡ ಬುದ್ಧನ ಮುಂದೆ ಸಾಲಾಗಿ ನಿಲ್ಲಿಸಿ ಫೋಟೊಕ್ಕೆ ಮೊಬೈಲ್ ಎತ್ತಿದೆ.

ಬಿಳಿ ಬಟ್ಟೆಯ ಒಬ್ಬ ಅಜ್ಜಿ ಎದ್ದು ಬಂದು, ಮಹಾದೇವಿಯ ಭುಜ ಹಿಡಿದು ಬುದ್ಧನ ಕಡೆಗೆ ತಿರುಗಿಸಿದರು. ಆಮೇಲೆ ಪಕ್ಕದವಳನ್ನು. ಆಮೇಲೆ ಅದರ ಪಕ್ಕದವಳನ್ನು.

ಅಷ್ಟರಲ್ಲಿ ನಮ್ಮನ್ನು ಕರೆದೊಯ್ಯಲು ಬಂದಿದ್ದ ನಿಲ್ಮಿನಿ ಅಲ್ಲಿಗೆ ತಲುಪಿದರು. ಅವರು ನಾವು ಹೋಗಬೇಕಿದ್ದ ಸೈನಿಕ ಕಾಲೇಜಿನ ಕೋಚ್, ಸೈನ್ಯದಿಂದ ನಿವೃತ್ತರಾದವರು. ಹಿಂದೆ ಪುಣೆಯಲ್ಲಿ ತರಬೇತಿಗೆ ಇದ್ದರಂತೆ. ಹೀಗಾಗಿ ಅವರ ಹಿಂದಿ ನನ್ನದಕ್ಕಿಂತ ಚೆನ್ನಾಗಿತ್ತು.

'ಬುದ್ಧನಿಗೆ ಬೆನ್ನು ಹಾಕಿ ನಿಲ್ಲಬಾರದು' ಎಂದರು.

ನಮ್ಮ ಕಡೆ ಮದುವೆ ಇರಲಿ, ನಾಮಕರಣ ಇರಲಿ, ಫೋಟೊದಲ್ಲಿ ನಡುವೆ ಬುದ್ಧ, ಮುಂದೆ ನಾವು. ನನ್ನ ಮದುವೆಯ ಆಲ್ಬಮ್ ಪೂರ್ತಿ ನಾನು ಬುದ್ಧನಿಗೆ ಬೆನ್ನು ಹಾಕಿದ್ದೇನೆ. 'ಹಾಗಾದರೆ ಫೋಟೊ ಹೇಗೆ ತೆಗೆಯೋದು?' ಎಂದು ಕೇಳಿದೆ.

'ಬುದ್ಧನದು ತೆಗೆಯಿರಿ. ನಿಮ್ಮದು ಯಾಕೆ?'

ನನಗೆ ನೆಲ ಬಾಯಿ ಬಿಟ್ಟರೆ ಸಾಕೆನ್ನಿಸಿತು. ನಾನೂ ಬೌದ್ಧಳೇ ಎಂದು ನಿಲ್ಮಿನಿಯ ಮೂಲಕ ಅಜ್ಜಿಗೆ ಹೇಳಿಸಿದೆ. ಅಜ್ಜಿ ನಂಬಲಿಲ್ಲ. ಕೈಮುಗಿದು 'ಬುದ್ಧಂ ಸರಣಂ ಗಚ್ಛಾಮಿ' ಎಂದು ತ್ರಿಸರಣ ಹೇಳತೊಡಗಿದೆ. ಅಜ್ಜಿ ಕೇಳುತ್ತ ನಿಂತರು, ಎರಡನೆಯ ಸಾಲಿಗೆ ತಾವೂ ದನಿ ಕೂಡಿಸಿದರು. ಮಾತು ಅದೇ, ರಾಗ ಬೇರೆ. ಮುಗಿದ ಮೇಲೆ ನನ್ನ ರಾಗ ತಪ್ಪು ಎಂದು ಹೇಳಿ, ಸರಿಯಾದ ರಾಗ ಕಲಿಸಿಯೇ ಬಿಟ್ಟರು.

ಉತ್ತರದ ದಾರಿ

ಜಾಫ್ನಾಕ್ಕೆ ಬಸ್ಸಿನಲ್ಲಿ ಇಡೀ ದಿನದ ದಾರಿ. ನಡುವೆ ನಿಂತಲ್ಲೆಲ್ಲ ಅನ್ನ ಸಿಕ್ಕಿತು. ಬೆಳಿಗ್ಗೆ ನಮ್ಮ ಶಾವಿಗೆಯಂಥದೇ ಒಂದು ತಿಂಡಿ, ಮಧ್ಯಾಹ್ನ ಅನ್ನ, ಸಂಜೆ ಅನ್ನ. ಎಲ್ಲದರಲ್ಲೂ ಕೊಬ್ಬರಿ, ಕೊಬ್ಬರಿ ಎಣ್ಣೆ. ಶೇಂಗಾ ಎಣ್ಣೆಯಲ್ಲಿ ಬೆಳೆದ ನಾಲಿಗೆಗಳು ಕಂಗಾಲಾದವು. ಖಾರ ಮಾತ್ರ ನಮ್ಮವರಿಗೆ ಸಮಾಧಾನ ತಂದಿತು.

'ಊಟ ಹ್ಯಾಂಗೈತಿ?' ಎಂದು ಗೋಲ್‌ಕೀಪರ್ ಶಿವಲೀಲಾಳನ್ನು ಕೇಳಿದೆ.

'ಖಾರ ಚಲೋ ಐತ್ರಿ ಟೀಚರ್. ಉಳದದ್ದು ತಲಿಗೆ ಹಚ್ಚಗೊಳ್ಳಾಕ ಬರತೈತ್ರಿ.'

ಉತ್ತರಕ್ಕೆ ಹೋದಂತೆ ಹಸಿರು ಕಡಿಮೆಯಾಗಿ ತಾಳೆಮರಗಳು ಶುರುವಾದವು. ಕೆಲವಕ್ಕೆ ತಲೆ ಇರಲಿಲ್ಲ. ಸಿಡಿಲು ಹೊಡೆದಿರಬೇಕು ಎಂದೆ. ನಿಲ್ಮಿನಿ, 'ಸಿಡಿಲಲ್ಲ' ಎಂದರು. ಆಮೇಲೆ ತಾವಾಗಿಯೇ ಪಂದ್ಯಾವಳಿಯ ವಿಷಯ ತೆಗೆದರು.

ತಂಡಗಳು ಮೂರು: ಅವರ ಸೈನಿಕ ಕಾಲೇಜು, ಅದೇ ಊರಿನ ತಮಿಳು ಹುಡುಗಿಯರ ಶಾಲೆ, ಮತ್ತು ನಾವು. ಹೇಳಿಕೆಗೆ ಪಂದ್ಯಗಳೂ ಮೂರು. ನಡೆಯುವುದು ಎರಡೇ. ಹೊರಗಿನಿಂದ ಬಂದವರ ಜೊತೆ ಇಬ್ಬರೂ ಆಡುತ್ತಾರೆ. ಕಾಲೇಜಿಗೂ ಶಾಲೆಗೂ ನಡೆಯಬೇಕಾದ ಪಂದ್ಯ ಯಾವ ವರ್ಷವೂ ನಡೆದಿಲ್ಲ. ಪ್ರತಿ ಸಲ ಮಳೆಯಿಂದ ರದ್ದಾಯಿತು ಎಂದು ಸಾರುತ್ತಾರೆ. ಆ ತಿಂಗಳಲ್ಲಿ ಅಲ್ಲಿ ಮಳೆಯೇ ಬರುವುದಿಲ್ಲ.

'ಯಾಕೆ?' ಎಂದೆ.

'ನಮ್ಮ ಮೈದಾನ ಮೊದಲು ಆ ಶಾಲೆಯದು' ಎಂದರು ನಿಲ್ಮಿನಿ. 'ಯುದ್ಧದಲ್ಲಿ ಊರು ಖಾಲಿಯಾಯಿತು. ಮೈದಾನಕ್ಕೆ ಬೇಲಿ ಬಿತ್ತು. ಜನ ತಿರುಗಿ ಬಂದರು, ಬೇಲಿ ಹಾಗೇ ಉಳಿಯಿತು. ಅಲ್ಲಿ ಯೋಗಾ ಅಂತ ಒಬ್ಬ ಟೀಚರ್ ಇದ್ದಾರೆ. ಹುಡುಗಿಯಾಗಿದ್ದಾಗ ಅದೇ ಮೈದಾನದಲ್ಲಿ ಆಡಿದವರು. ಊರಿಗೆ ವಾಪಸ್ ಬಂದಾಗಿನಿಂದ ಒಳಗೆ ಕಾಲಿಟ್ಟಿಲ್ಲ. ಅವರು ಬರದೆ ಅವರ ತಂಡವೂ ಬರೋದಿಲ್ಲ.'

'ನೀವೇ ಅವರ ಮೈದಾನಕ್ಕೆ ಹೋಗಬಹುದಲ್ಲ.'

'ನಮ್ಮ ಹುಡುಗಿಯರು ಹೊರಗೆ ಹೋದರೆ ಜೊತೆಗೆ ಬಂದೂಕಿನವರು ಬರಬೇಕು. ಬಂದೂಕು ತಂದರೆ ಅವರು ಗೇಟು ತೆಗೆಯೋದಿಲ್ಲ.'

ಯೋಗಾ ಟೀಚರ್ ಈ ವರ್ಷ ನಿವೃತ್ತರಾಗುವವರಿದ್ದರು. ಈ ಸಲ ಬರದಿದ್ದರೆ ಇನ್ನು ಬರುವ ಮಾತೇ ಇಲ್ಲ. ನಿಲ್ಮಿನಿ ಅವರ ಮನೆಗೇ ಹೋಗಿ ಕರೆದು ಬಂದಿದ್ದರಂತೆ. 'ಚಹಾ ಕೊಟ್ಟರು. ಬಿಸ್ಕತ್ತು ಕೊಟ್ಟರು. ಬರೋದಿಲ್ಲ ಅಂದರು. ನೀವು ಒಂದು ಮಾತು ಕೇಳಿ ನೋಡಿ. ನೀವು ಹೊರಗಿನವರು.'

ಬೇರೆಯವರ ಮನೆಯ ಜಗಳದಲ್ಲಿ ತಲೆ ಹಾಕಬಾರದು ಎಂದು ನನಗೆ ಚೆನ್ನಾಗಿ ಗೊತ್ತು. ಆಯ್ತು ಎಂದೆ.

ಮರಳಿನ ಮೈದಾನ

ಆ ಊರಿನ ಹೆಸರು ಬರೆಯುವುದಿಲ್ಲ. ಯೋಗಾ ಟೀಚರ್ ಬೇಡ ಎಂದಿದ್ದಾರೆ.

ಅವರ ಶಾಲೆಯ ಈಗಿನ ಮೈದಾನ ಎರಡು ತಾಳೆಸಾಲುಗಳ ನಡುವಿನ ಮರಳು. ಅಗಲಕ್ಕೆ ಏಳು ಜನ ಆಡಬಹುದು, ನಾವು ಹನ್ನೊಂದು ಹನ್ನೊಂದು ಜನ ಆಡಿದೆವು. ಗಟ್ಟಿ ಗರಸುಮಣ್ಣಿನ ನೆಲದಲ್ಲಿ ಆಡಿದ ನಮ್ಮವರು ಒದ್ದರೆ ಚೆಂಡಿಗಿಂತ ಮರಳೇ ಹೆಚ್ಚು ಹಾರುತ್ತಿತ್ತು. ದ್ವಿತೀಯಾರ್ಧದಲ್ಲಿ ಒಂದು ಮೇಕೆ ಒಳಗೆ ಬಂದು, ಮಹಾದೇವಿ ಅದನ್ನು ತಪ್ಪಿಸಲು ಹೋಗಿ ಒದ್ದ ಚೆಂಡು ಗೋಲಾಯಿತು. ಅವರು ಮೇಕೆ ತಮ್ಮದೇ ಆದ್ದರಿಂದ ತಕರಾರು ಮಾಡಲಿಲ್ಲ. ಒಂದು ಒಂದು, ಸಮ.

ಯೋಗಾ ಟೀಚರ್ ಸಣ್ಣ ಆಳು. ಹತ್ತಿ ಸೀರೆ, ಕೆಳಗೆ ಕ್ಯಾನ್ವಾಸ್ ಬೂಟು, ಕೊರಳಲ್ಲಿ ಸೀಟಿ. ಪಂದ್ಯದುದ್ದಕ್ಕೂ ಅವರ ಬಾಯಿ ಒಂದು ಕ್ಷಣ ಸುಮ್ಮನಿರಲಿಲ್ಲ. ಅವರ ಹುಡುಗಿಯರು ಚೆಂಡಿಗಿಂತ ಅವರಿಗೇ ಹೆಚ್ಚು ಹೆದರುತ್ತಿದ್ದರು. ಆಟ ಮುಗಿದ ಮೇಲೆ ನನಗೆ ಶುಂಠಿ ಹಾಕಿದ ಕರಿ ಚಹಾ ತರಿಸಿ, ಶಾಲೆಯಲ್ಲಿ ಪಾಠ ಮಾಡುವಂತೆ ಬಿಡಿಸಿ ಬಿಡಿಸಿ ಹೇಳುವ ಇಂಗ್ಲಿಷಿನಲ್ಲಿ ಮಾತಾಡಿದರು.

'ನಿಲ್ಮಿನಿ ಕಳಿಸಿದರಾ?' ಎಂದರು.

ಹೌದು ಎಂದೆ. ಅವರ ಮುಖ ನೋಡಿ ಸುಳ್ಳು ಹೇಳಲು ಆಗುವಂತಿರಲಿಲ್ಲ.

'ಒಳ್ಳೆಯ ಹೆಂಗಸು. ಕರೆಯಲು ಬಂದಾಗ ಏನು ಹೇಳಿದರು ಗೊತ್ತಾ? ನೀವು ಮುಖ್ಯ ಅತಿಥಿ, ವೇದಿಕೆಯ ಮೇಲೆ ಕುರ್ಚಿ ಹಾಕಿಸುತ್ತೇವೆ, ಮಾಲೆ ಹಾಕುತ್ತೇವೆ ಅಂದರು. ಮೊಣಕಾಲು ತರಚಿಕೊಂಡು ಆಡಿದ ಜಾಗಕ್ಕೆ ನಾನು ಅತಿಥಿ.'

ನಾನು ಚಹಾ ಕುಡಿದೆ. ನಮ್ಮ ದಡ್ಡಿಯ ಸುದ್ದಿ ತೆಗೆದೆ. ಘಟಪ್ರಭೆಗೆ ಅಣೆಕಟ್ಟು ಕಟ್ಟಿದಾಗ ನನ್ನ ಅಪ್ಪನ ಮನೆ, ಹೊಲ, ಅವರು ಗೋಲಿ ಆಡಿದ ಓಣಿ ಎಲ್ಲ ಹಿನ್ನೀರಿನ ಕೆಳಗೆ ಹೋದವು. ಬೇಸಿಗೆಯಲ್ಲಿ ನೀರು ಇಳಿದರೆ ಮನೆಯ ತಳಪಾಯ ಎದ್ದು ಕಾಣುತ್ತದೆ. ಬುತ್ತಿ ಕಟ್ಟಿಕೊಂಡು ಹೋಗಿ ಅದರ ಮೇಲೆ ಕೂತು ಉಂಡು ಬರುತ್ತೇವೆ. ಅಪ್ಪ ಇಲ್ಲಿ ಒಲೆ ಇತ್ತು, ಇಲ್ಲಿ ಎಮ್ಮೆ ಇತ್ತು ಎಂದು ಪ್ರತಿ ವರ್ಷ ಹೊಸದಾಗಿ ತೋರಿಸುತ್ತಾರೆ.

'ಹೋಗಲು ಯಾರನ್ನು ಕೇಳುತ್ತೀರಿ?' ಎಂದರು ಅವರು.

'ಕೇಳುವುದೇನು? ನಮ್ಮ ಮನೆ.'

ಅವರು ಲೋಟ ಕೆಳಗಿಟ್ಟರು. 'ನಿಮ್ಮಲ್ಲಿ ನೀರು ಇಳಿಯುತ್ತದೆ' ಎಂದರು.

ದಡ್ಡಿಯ ಸುದ್ದಿ ಯಾಕಾದರೂ ತೆಗೆದೆನೋ ಎನ್ನಿಸಿತು. ಹೊರಡುವಾಗ ಅವರೇ ಗೇಟಿನವರೆಗೆ ಬಂದು ಇನ್ನೊಂದು ಮಾತು ಹೇಳಿದರು: 'ನಾನು ಬಂದರೂ ಏನು ನೋಡಲಿ? ನಮ್ಮ ಗೋಲು ಉತ್ತರಕ್ಕಿತ್ತು, ಸಮುದ್ರದ ಕಡೆಗೆ. ಇನ್ನೊಂದು ದಕ್ಷಿಣಕ್ಕೆ. ಅವರು ಪೂರ್ವ ಪಶ್ಚಿಮ ಮಾಡಿಕೊಂಡಿದ್ದಾರೆ. ವೇದಿಕೆಯ ಮೇಲಿನವರಿಗೆ ಆಟ ಅಡ್ಡಲಾಗಿ ಕಾಣಬೇಕಂತೆ. ಬೇಲಿಯ ಹೊರಗೆ ಹೋಗುವಾಗ ನೋಡುತ್ತೇನಲ್ಲ. ಅದು ಬೇರೆ ಯಾರದೋ ಮೈದಾನ.'

ನಿಲ್ಮಿನಿಗೆ ಆಗಲಿಲ್ಲ ಎಂದು ಹೇಳಿದೆ. ಅವರು ತಲೆಯಾಡಿಸಿ, 'ಚಹಾ ಕೊಟ್ಟರಾ?' ಎಂದು ಕೇಳಿದರು.

ಬೇಲಿಯ ಒಳಗೆ

ಸೈನಿಕ ಕಾಲೇಜಿನ ಮೈದಾನ ನಮ್ಮವರು ಹಿಂದೆಂದೂ ಕಂಡಿರದಂಥದು. ಹುಲ್ಲು ಹಾಸಿಗೆಯ ಹಾಗೆ. ಜಾಗ ಹೆಚ್ಚುಕಡಿಮೆ ಚೌಕ, ದಕ್ಷಿಣಕ್ಕೆ ಸಿಮೆಂಟಿನ ವೇದಿಕೆ, ಉತ್ತರಕ್ಕೆ ಬೇಲಿ, ಬೇಲಿಯಾಚೆ ರಸ್ತೆ. ಆ ಸಂಜೆ ಅಭ್ಯಾಸ ಮಾಡಿದೆವು. ಪೂರ್ವದ ಗೋಲಿನಲ್ಲಿ ನಿಂತ ಶಿವಲೀಲಾಳಿಗೆ ಮುಳುಗುವ ಸೂರ್ಯ ನೇರ ಎದುರಿಗೆ. ಬಂದ ಚೆಂಡು ಕಾಣದೆ ಮೂಗಿಗೆ ಬಡಿಯಿತು. ರಕ್ತ ಬಂತು, ಹತ್ತಿ ಇಟ್ಟೆವು, ಮಲಗಿದೆವು.

ಮರುದಿನ ಸಂಜೆ ಕಾಲೇಜಿನ ತಂಡದ ಜೊತೆ ನಮ್ಮ ಪಂದ್ಯ. ಅದಕ್ಕೆ ಮೊದಲು ಆ ಕಾಲೇಜಿನ ಮುಖ್ಯಸ್ಥರಾದ ಕಮಾಂಡಂಟ್ ಸಾಹೇಬರು ನನ್ನನ್ನೂ ನಿಲ್ಮಿನಿಯನ್ನೂ ವೇದಿಕೆಯ ಮೇಲೆ ಚಹಾಕ್ಕೆ ಕರೆದಿದ್ದರು. ಬಹಳ ಮರ್ಯಾದಸ್ಥರು. ನಮ್ಮ ಕಾಲೇಜಿನ ಬಂದೂಕುಗಳ ಬಗ್ಗೆ ವಿಚಾರಿಸಿದರು. ನಿರ್ವಹಣೆ ಸುಲಭ ಎಂದೆ. ಅಷ್ಟರಲ್ಲಿ ಅವರು ಕಪ್ಪು ಕೆಳಗಿಟ್ಟು ಮೈದಾನದ ಕಡೆ ನೋಡಿದರು.

'ಮೇಡಮ್, ನಿಮ್ಮ ಹುಡುಗಿಯರು ನಮ್ಮ ಗೋಲು ಎಲ್ಲಿಗೆ ಒಯ್ಯುತ್ತಿದ್ದಾರೆ?'

ಇಲ್ಲಿ ನಮ್ಮ ಊರಿನ ಒಂದು ರೂಢಿ ಹೇಳಬೇಕು. ಮೂಡಲಗಿಯಲ್ಲಿ ನಮ್ಮ ಗೋಲುಗಳು ಹೂಳಿದವಲ್ಲ. ಪೈಪಿನ ಚೌಕಟ್ಟು, ಎತ್ತಿ ಇಡುವಂಥವು. ಮೈದಾನದಲ್ಲಿ ಕಬ್ಬಿನ ಟ್ರ್ಯಾಕ್ಟರ್ ಎಲ್ಲಿ ನಿಂತಿದೆ, ಯಾರ ಮದುವೆಯ ಪೆಂಡಾಲು ಎಲ್ಲಿದೆ, ಬಿಸಿಲು ಯಾವ ಕಡೆಯಿದೆ ಎಂದು ನೋಡಿ ಆಟಕ್ಕೆ ಮೊದಲು ಗೋಲು ತಿರುಗಿಸಿಕೊಳ್ಳುವುದು ಆಡುವವರ ಕೆಲಸ. ಅದಕ್ಕೆ ಯಾರನ್ನೂ ಕೇಳುವ ಪದ್ಧತಿ ಇಲ್ಲ. ಈ ಕಾಲೇಜಿನ ಗೋಲುಗಳೂ ಎತ್ತಿ ಇಡುವಂಥವೇ ಆಗಿದ್ದವು. ಬಿಸಿಲು ಕಣ್ಣಿಗೆ ಬಂತು, ನಮ್ಮವರು ತಿರುಗಿಸಿಕೊಂಡರು. ಸೈನ್ಯದ ಬೇಲಿಯೊಳಗೆ ಇದ್ದೇವೆಂಬುದು ಅವರ ತಲೆಗೆ ಬಂದಿರಲಿಲ್ಲ.

ನಾನು ಓಡಿದೆ. ಹತ್ತಿರ ಹೋಗಿ ನೋಡಿದರೆ ನಮ್ಮ ಹುಡುಗಿಯರ ಜೊತೆ ನಾಲ್ಕು ಜನ ಸಿಪಾಯಿಗಳೂ ಗೋಲು ಹೊತ್ತಿದ್ದಾರೆ. ಖಾಕಿ ಹಾಕಿದ ಮಹಾದೇವಿ ಇಷ್ಟು ಗಟ್ಟಿಯಾಗಿ ಕೂಗುತ್ತಿದ್ದಾಳೆಂದರೆ ಮೇಲಿನಿಂದ ಹುಕುಂ ಬಂದಿರಬೇಕು ಎಂದು ಅವರ ನಂಬಿಕೆ. ಸುಣ್ಣದ ಹೊಸ ಗೆರೆಗಳೂ ಬಿದ್ದಿದ್ದವು. ಸೊಟ್ಟಗಿದ್ದವು.

'ಯಾರನ್ನ ಕೇಳಿ ಮಾಡಿದ್ರಿ?' ಎಂದೆ.

'ಕೇಳೂದೇನ್ರಿ ಟೀಚರ್' ಎಂದಳು ಮಹಾದೇವಿ. 'ಬಿಸಲ ಶಿವಲೀಲಾನ ಕಣ್ಣಾಗ ಬಡ್ಯಾಕತ್ತಿತ್ತು. ಇಲ್ಲಿ ನೋಡ್ರಿ, ಇಲ್ಲಿ ಮದಲ ಗೋಲ್ ಇತ್ತ ಕಾಣತೈತಿ. ನಾವು ಅದರ ಮ್ಯಾಲ ಇಟ್ಟೇವಿ.'

ಬೇಲಿಯ ಬದಿಯ ಹುಲ್ಲು ಸರಿಸಿ ತೋರಿಸಿದಳು. ನೆಲದ ಮಟ್ಟಕ್ಕೆ ಗರಗಸದಿಂದ ಕತ್ತರಿಸಿದ ಕಬ್ಬಿಣದ ಪೈಪಿನ ಮೋಟು, ತುಕ್ಕು ಹಿಡಿದಿತ್ತು. ಅದೇ ಸಾಲಿನಲ್ಲಿ, ಗೋಲಿನ ಅಗಲದಷ್ಟು ದೂರಕ್ಕೆ, ಇನ್ನೊಂದು. ಉತ್ತರಕ್ಕೆ. ಸಮುದ್ರದ ಕಡೆಗೆ.

ಯೋಗಾ ಟೀಚರ್ ಹೇಳಿದ್ದನ್ನು ನಾನು ಹುಡುಗಿಯರಿಗೆ ಹೇಳಿರಲಿಲ್ಲ, ಆಣೆ ಮಾಡಿ ಹೇಳುತ್ತೇನೆ. ನಿಲ್ಮಿನಿ ನನ್ನ ಹಿಂದೆ ಬಂದು ನಿಂತು ಆ ಮೋಟುಗಳನ್ನು ನೋಡಿದರು. ಇಷ್ಟು ವರ್ಷ ಅದೇ ಹುಲ್ಲಿನ ಮೇಲೆ ತರಬೇತಿ ಕೊಟ್ಟವರು ಅವರು.

ಕಮಾಂಡಂಟ್ ಸಾಹೇಬರಿಗೆ ಬೇರೆ ಚಿಂತೆ. ದಕ್ಷಿಣದ ಗೋಲು ಈಗ ವೇದಿಕೆಯ ಮುಂದೆಯೇ ಬಂದಿತ್ತು. ಅತಿಥಿಗಳಿಗೆ ಬಲೆ ಮತ್ತು ಗೋಲ್‌ಕೀಪರಿನ ಬೆನ್ನು ಬಿಟ್ಟು ಇನ್ನೇನೂ ಕಾಣುತ್ತಿರಲಿಲ್ಲ. ಆದರೆ ಹೊತ್ತಾಗಿತ್ತು, ಆಟ ಶುರುವಾಯಿತು. ಮೂರು ಒಂದರಿಂದ ಸೋತೆವು. ಬಿಸಿಲು ಕಾರಣವಲ್ಲ.

ನಡುವೆ ರಸ್ತೆಯಲ್ಲಿ ಒಂದು ಸ್ಕೂಟರ್ ನಿಂತಿತು. ಶಾಲೆ ಬಿಟ್ಟು ಮನೆಗೆ ಹೊರಟಿದ್ದ ಯೋಗಾ ಟೀಚರ್. ಹೆಲ್ಮೆಟ್ ತೆಗೆಯದೆ ಬೇಲಿಯಾಚೆ ನಿಂತು ಕೊನೆಯ ಸೀಟಿಯವರೆಗೆ ನೋಡಿದರು. ಆಟ ಮುಗಿದ ಮೇಲೆ ನಾನೂ ನಿಲ್ಮಿನಿಯೂ ಬೇಲಿಯ ಹತ್ತಿರ ಹೋದೆವು.

'ಯಾರು ಮಾಡಿದ್ದು?' ಎಂದು ಕೇಳಿದರು. ಸಿಟ್ಟೋ ಏನೋ ತಿಳಿಯಲಿಲ್ಲ.

ನಾನು ಮಹಾದೇವಿಯನ್ನು ಕರೆದೆ. ಅವಳು ಅಟೆನ್ಶನ್‌ನಲ್ಲಿ ನಿಂತು, 'ಬಿಸಲ ಕಣ್ಣಾಗ ಬರತಿತ್ತರಿ ಮೇಡಮ್, ಅದಕ್ಕ' ಎಂದಳು. ನಾನು ಇಂಗ್ಲಿಷಿನಲ್ಲಿ ಹೇಳಿದೆ.

'ಹೌದು' ಎಂದರು ಯೋಗಾ ಟೀಚರ್. 'ನಮಗೂ ಬರುತ್ತಿತ್ತು. ಅದಕ್ಕೇ ಉತ್ತರ ದಕ್ಷಿಣ ಇಟ್ಟಿದ್ದು.' ಆಮೇಲೆ ನಿಲ್ಮಿನಿಯ ಕಡೆ ತಿರುಗಿ, 'ನಾಳೆ ನಾಲ್ಕಕ್ಕೆ ಬರುತ್ತೇವೆ. ಗೋಲು ಹೀಗೇ ಇರಬೇಕು. ಕುರ್ಚಿ ಬೇಡ, ಮಾಲೆ ಬೇಡ' ಎಂದು ಹೇಳಿ ಸ್ಕೂಟರ್ ಹತ್ತಿದರು.

ಕಮಾಂಡಂಟ್ ಸಾಹೇಬರು ಬೆಳಗಾಗುವುದರೊಳಗೆ ಗೋಲುಗಳನ್ನು ಮೊದಲಿನ ಜಾಗಕ್ಕೆ ಇಡಿಸಲು ಆಗಲೇ ಹೇಳಿದ್ದರು. ನಿಲ್ಮಿನಿ ಅವರಿಗೆ ಎದುರಾಡುವಂತಿರಲಿಲ್ಲ. ನಾನು ಹೋಗಿ ಹೇಳಿದೆ: 'ಸರ್, ನಮ್ಮ ಕಡ್ಡಾಯ ಪದ್ಧತಿ ಒಂದಿದೆ. ಒಮ್ಮೆ ತಿರುಗಿಸಿದ ಗೋಲನ್ನು ತಂಡ ಊರು ಬಿಡುವವರೆಗೆ ಮತ್ತೆ ಮುಟ್ಟುವುದಿಲ್ಲ. ಮುಟ್ಟಿದರೆ ಗೋಲ್‌ಕೀಪರಿಗೆ ಒಳ್ಳೆಯದಲ್ಲ.' ಅಂಥ ಪದ್ಧತಿ ಬೆಳಗಾವಿ ಜಿಲ್ಲೆಯಲ್ಲಿ ಎಲ್ಲಿಯೂ ಇಲ್ಲ. ಶಿವಲೀಲಾ ಮೂಗಿನಲ್ಲಿ ಹತ್ತಿ ಇಟ್ಟುಕೊಂಡು ಪಕ್ಕದಲ್ಲಿ ನಿಂತಿದ್ದಳು. ಸಾಹೇಬರು ಅವಳನ್ನು ನೋಡಿ, ಅತಿಥಿಗಳ ನಂಬಿಕೆಗೆ ಧಕ್ಕೆ ಬರಬಾರದು ಎಂದು ಒಪ್ಪಿದರು. ವೇದಿಕೆಯ ಕುರ್ಚಿಗಳನ್ನು ಇಳಿಸಿ ಪಶ್ಚಿಮದ ಅಂಚಿಗೆ ಹಾಕಿಸಿದರು.

ಕೊನೆಯ ಪಂದ್ಯ

ಎರಡೂ ತಂಡಕ್ಕೆ ಸೇರದವಳು ನಾನೊಬ್ಬಳೇ ಎಂದು ನನ್ನನ್ನೇ ರೆಫರಿ ಮಾಡಿದರು. ಮೂರೂವರೆಯಿಂದ ನನ್ನ ಕಣ್ಣು ಗೇಟಿನ ಮೇಲೆ. ನಿಲ್ಮಿನಿ ಕಟ್ಟಿದ್ದ ಬೂಟಿನ ಲೇಸನ್ನೇ ಬಿಚ್ಚಿ ಬಿಚ್ಚಿ ಕಟ್ಟುತ್ತಿದ್ದರು. ಅವರ ಹುಡುಗಿಯರಿಗೂ ಎದುರಾಳಿ ಬರುತ್ತಾರೆಂಬ ನಂಬಿಕೆ ಇರಲಿಲ್ಲ. 'ಮಳೆ ಬರಬಹುದು' ಎಂದು ಒಬ್ಬಳು ಹೇಳಿದಳಂತೆ. ಆಕಾಶ ತೊಳೆದಿಟ್ಟಂತಿತ್ತು.

ನಾಲ್ಕಕ್ಕೆ ಅವರು ಬಂದರು. ನಡೆದೇ ಬಂದರು, ಇಡೀ ತಂಡ, ಮುಂದೆ ಯೋಗಾ ಟೀಚರ್. ಗೇಟಿನ ಸಿಪಾಯಿ ಸೆಲ್ಯೂಟ್ ಹೊಡೆದ. ಅವರು ಅವನ ಕಡೆ ನೋಡಲಿಲ್ಲ. ಗೇಟಿನ ಕಂಬಿ ದಾಟುವ ಮುಂಚೆ ಒಂದು ಗಳಿಗೆ ನಿಂತರು. ನಾನು ಸೀಟಿಯನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದಿದ್ದೆ. ಆಮೇಲೆ ಅವರು ಒಳಗೆ ಬಂದು ನೆಟ್ಟಗೆ ಉತ್ತರದ ಗೋಲಿಗೆ ಹೋಗಿ, ಹುಲ್ಲಿನಲ್ಲಿ ಬೂಟಿನ ತುದಿಯಿಂದ ಆ ಮೋಟನ್ನು ಮೀಟಿದರು. ಅಲ್ಲಿಂದ ನನ್ನ ಹತ್ತಿರ ಬಂದು ಹೇಳಿದ ಮೊದಲ ಮಾತು:

'ಗೆರೆ ಯಾರು ಎಳೆದದ್ದು? ಸೊಟ್ಟಗಿದೆ.'

ಆಟ ಶುರುವಾಯಿತು. ಎರಡು ತಂಡಗಳೂ ಮೊದಮೊದಲು ಒಬ್ಬರನ್ನೊಬ್ಬರು ಮುಟ್ಟಲು ಅಂಜುತ್ತ, ಚೆಂಡನ್ನು ಬಿಟ್ಟುಕೊಡುತ್ತ ಆಡಿದವು. ಕೊಲಂಬೊದ ಬಿಳಿ ಪಟ್ಟೆಯ ಹತ್ತಿರ ನಾವು ನಿಂತಿದ್ದ ಹಾಗೆ. ಯೋಗಾ ಟೀಚರ್ ಅಂಚಿನಲ್ಲಿ ನಿಂತು ಬಾಯಿ ಮಾಡತೊಡಗಿದ ಮೇಲೆ ಅವರ ಹುಡುಗಿಯರಿಗೆ ಜೀವ ಬಂತು. ನಿಲ್ಮಿನಿಯೂ ಎದುರಿನ ಅಂಚಿನಿಂದ ಕೂಗತೊಡಗಿದರು. ಹೊತ್ತು ಹೋದಂತೆ ಮೊಣಕೈ ಬಂತು, ಜಡೆ ಜಗ್ಗುವುದು ಬಂತು. ಅದು ನಿಜವಾದ ಪಂದ್ಯವೆಂದು ಆಗ ನನಗೆ ಧೈರ್ಯ ಬಂತು.

ಗೋಲಿಲ್ಲದೆ ಆಟ ಮುಗಿಯಲು ಬಂದಾಗ, ಉತ್ತರದ ಗೋಲಿನ ಮುಂದೆ ಶಾಲೆಯ ಹುಡುಗಿಯ ಕೈಗೆ ಚೆಂಡು ತಾಕಿತು. ನಾನು ಪೆನಾಲ್ಟಿ ಕೊಟ್ಟೆ. ಬೇರೆ ದಾರಿ ಇರಲಿಲ್ಲ, ತಾಕಿದ್ದನ್ನು ಕಣ್ಣಾರೆ ಕಂಡಿದ್ದೆ.

ಯೋಗಾ ಟೀಚರ್ ಸೀರೆ ಎತ್ತಿ ಹಿಡಿದು ಮೈದಾನದೊಳಗೆ ಓಡಿ ಬಂದರು. ಇಂಗ್ಲಿಷ್ ಬಿಟ್ಟು ತಮಿಳಿನಲ್ಲಿ ಬೈದರು. ನನಗೆ ತಮಿಳು ಬರದಿದ್ದರೂ ನನ್ನ ಕಣ್ಣಿನ ಬಗ್ಗೆ ಎಂದು ತಿಳಿಯಿತು. ಭುಜಕ್ಕೆ ತಾಕಿದ್ದು, ಕೈಗಲ್ಲ ಎಂದು ತಮ್ಮ ಭುಜ ಬಡಿದು ತೋರಿಸಿದರು. ಹೊರಗೆ ಹೋಗಿ ಎಂದೆ. ಹೋಗಲಿಲ್ಲ. ನಿಲ್ಮಿನಿ ಬಂದು ಕೈ ಹಿಡಿದರೆ ಅವರ ಕೈಯನ್ನೂ ಕೊಡವಿದರು. ಹಳದಿ ಕಾರ್ಡು ತೆಗೆದು ತೋರಿಸಿದೆ. ಹತ್ತಾರು ವರ್ಷ ಈ ಬೇಲಿಯ ಹೊರಗಿದ್ದವರಿಗೆ ನಾನು ಮೂಡಲಗಿಯಿಂದ ಬಂದು ಕಾರ್ಡು ತೋರಿಸುತ್ತಿದ್ದೇನಲ್ಲ ಎಂದು ಅಳು ಒತ್ತಿ ಬಂತು.

ಅವರು ಕಾರ್ಡು ನೋಡಿದರು, ನನ್ನನ್ನು ನೋಡಿದರು, ಇನ್ನೊಂದು ಮಾತು ಬೈದು ಅಂಚಿಗೆ ಹೋದರು. ಪೆನಾಲ್ಟಿ ಗೋಲಾಯಿತು. ಕಾಲೇಜು ಒಂದು, ಶಾಲೆ ಸೊನ್ನೆ. ಕಪ್ಪನ್ನು ನಿಲ್ಮಿನಿಯ ಹುಡುಗಿಯರು ಎತ್ತಿದರು. ಯೋಗಾ ಟೀಚರ್ ಅವರ ಕೈ ಕುಲುಕಿದರು. ನನ್ನ ಕೈ ಕುಲುಕಲಿಲ್ಲ. ತಂಡ ಕಟ್ಟಿಕೊಂಡು ಹೊರಟುಹೋದರು.

ಮರುದಿನ

ಬೆಳಿಗ್ಗೆ ಹೊರಡುವಾಗ ನನಗೆ ಏನೂ ಬೇಕಾಗಿರಲಿಲ್ಲ. ಪಂದ್ಯ ನಡೆಯಿತು, ಆದರೆ ಅವರ ಕೊನೆಯ ಸೀಸನ್ ನನ್ನ ಸೀಟಿಯಿಂದ ಸೋಲಿನಲ್ಲಿ ಮುಗಿಯಿತು, ಇನ್ನು ಅವರು ಆ ಕಡೆ ತಲೆ ಹಾಕುವುದಿಲ್ಲ ಎಂದುಕೊಂಡು ಕೂತಿದ್ದೆ. ಹುಡುಗಿಯರು ಹಾಡು ಹೇಳುತ್ತಿದ್ದರು. ಬಸ್ಸು ಮೈದಾನದ ರಸ್ತೆಗೆ ಹೊರಳಿತು.

'ಟೀಚರ್, ಅಲ್ಲಿ ನೋಡ್ರಿ' ಎಂದಳು ಮಹಾದೇವಿ.

ಮೈದಾನದಲ್ಲಿ ಶಾಲೆಯ ಹುಡುಗಿಯರು ಓಡುತ್ತಿದ್ದರು. ನಡುವೆ ಯೋಗಾ ಟೀಚರ್, ಸೀಟಿ ಬಾಯಲ್ಲಿ. ಆ ದಿನ ಪಂದ್ಯ ಇರಲಿಲ್ಲ. ಅವರನ್ನು ಯಾರೂ ಕರೆದಿರಲಿಲ್ಲ. ಗೇಟಿನ ಸಿಪಾಯಿ ಫೋನ್ ಹಿಡಿದುಕೊಂಡು, ಯಾರಿಗೆ ಮಾಡಬೇಕೆಂದು ತಿಳಿಯದೆ ನಿಂತಿದ್ದ. ನಮ್ಮನ್ನು ಬೀಳ್ಕೊಡಲು ಬಸ್ಸಿನಲ್ಲಿದ್ದ ನಿಲ್ಮಿನಿ ಕಿಟಕಿಯಿಂದ ಅವನಿಗೆ ಸಿಂಹಳದಲ್ಲಿ ಏನೋ ಹೇಳಿದರು. ಅವನು ಫೋನನ್ನು ಜೇಬಿಗಿಟ್ಟ.

'ಏನು ಹೇಳಿದಿರಿ?' ಎಂದು ಕೇಳಿದೆ.

'ಅಭ್ಯಾಸದ ಹೊತ್ತು, ತೊಂದರೆ ಕೊಡಬೇಡ ಅಂದೆ' ಎಂದರು, ಮತ್ತು ಮುಖ ಆಚೆ ತಿರುಗಿಸಿ ಕಣ್ಣು ಒರೆಸಿಕೊಂಡರು.

ಬಸ್ಸಿನ ಸದ್ದಿಗೆ ಯೋಗಾ ಟೀಚರ್ ತಿರುಗಿದರು. ಕಿಟಕಿಯಲ್ಲಿ ನನ್ನನ್ನು ಗುರುತು ಹಿಡಿದು ಬೇಲಿಯವರೆಗೆ ಬಂದರು. ಕೈ ಬೀಸುತ್ತಾರೆಂದು ನಾನೂ ಕೈ ಎತ್ತಿದೆ. ಅವರು ತಮ್ಮ ಭುಜವನ್ನು ಎರಡು ಸಲ ಬಡಿದು ತೋರಿಸಿ, ಹುಡುಗಿಯರ ಕಡೆ ಹೋದರು.